"ಓದಿಲ್ಲ ಸಾರ್, ಮಾರೋದಷ್ಟೇ!"

ಹೋದ ವಾರದ ಮಾತು. ಸಂಜೆ ಆರೂವರೆ. ಬಸ್ ಸ್ಟ್ಯಾಂಡಿನ ಎದುರು, ಬೇಕರಿ ಪಕ್ಕದ ಪೆಟ್ಟಿಗೆ ಅಂಗಡಿ. ಪೇಪರು, ವಾರಪತ್ರಿಕೆ, ಬೀಡಿ, ಬಾಳೆಹಣ್ಣು, ಮೊಬೈಲ್ ಕರೆನ್ಸಿ ಎಲ್ಲ ಒಂದೇ ಹಲಗೆ ಮೇಲೆ. ಬೀಟಿಗೆ ಬಂದ ಪೇದೆಯೊಬ್ಬರು ಹಗ್ಗಕ್ಕೆ ಕ್ಲಿಪ್ ಹಾಕಿ ನೇತುಬಿಟ್ಟಿದ್ದ ಒಂದು ಪತ್ರಿಕೆಯ ಕಡೆ ಲಾಠಿ ತೋರಿಸಿ, "ಏನಯ್ಯಾ ಇದು? ಹೆಂಗಸರು ಮಕ್ಕಳು ಓಡಾಡೋ ಜಾಗ. ತೆಗಿ ಮೊದಲು" ಅಂದರು. ಅಂಗಡಿಯವ ಗಾಬರಿಯಾಗಲಿಲ್ಲ. ಕ್ಲಿಪ್ ಬಿಚ್ಚುತ್ತಲೇ, "ಒಳಗೇನಿದೆಯೋ ನಂಗೊತ್ತಿಲ್ಲ ಸಾರ್. ನಾನು ಓದಿಲ್ಲ, ಮಾರೋದಷ್ಟೇ" ಅಂದ.

ಪೇದೆ ಮುಂದಕ್ಕೆ ಹೋದರು. ಬಸ್ಸಿಗೆ ಕಾಯುತ್ತಿದ್ದ ನಾಲ್ಕು ಜನ ನಕ್ಕರು. ನಾನೂ ನಕ್ಕೆ. ಆದರೆ ಮನೆ ದಾರಿಯಲ್ಲಿ ನಗು ನಿಂತುಹೋಯಿತು. ಯಾಕೆಂದರೆ "ನಾನು ಓದಿಲ್ಲ" ಅನ್ನೋ ಇದೇ ಮಾತು 1964ರಲ್ಲಿ ನಮ್ಮ ಸುಪ್ರೀಂ ಕೋರ್ಟಿನ ತನಕ ಹೋಗಿ, ಅಲ್ಲಿ ಸೋತು ಬಂದಿದೆ. ಸೋತವನು ಬರೆದವನಲ್ಲ, ಅಚ್ಚು ಹಾಕಿದವನಲ್ಲ. ಅಂಗಡಿಯವನು!

ಆ ಕಥೆಗೆ ಆಮೇಲೆ ಬರ್ತೀನಿ. ಅದಕ್ಕೆ ಮೊದಲು ಇನ್ನೊಬ್ಬ ಅಂಗಡಿಯವನ ಕಥೆ. ಅವನು ಕಟಕಟೆ ಹತ್ತಿ ಗೆದ್ದು ಇಳಿದ. ಊರು ಇಂಗ್ಲೆಂಡಿನ ನಾಟಿಂಗ್‌ಹ್ಯಾಮ್, ವರ್ಷ 1977. ಅವನನ್ನು ಗೆಲ್ಲಿಸಿದ ವಕೀಲರ ಹೆಸರು ಜಾನ್ ಮಾರ್ಟಿಮರ್. ಈ ಮಹಾರಾಯರು ಕರಿಕೋಟು ಹಾಕುವ ಮೊದಲು ಸಿನಿಮಾ ತೆಗೆಯೋರ ಜೊತೆ ದುಡಿದವರು. ಕರಿಕೋಟು ಹಾಕಿದ ಮೇಲೂ ನಾಟಕ ಬರೆಯೋದು ಬಿಡಲಿಲ್ಲ. ಪುಸ್ತಕ, ಪತ್ರಿಕೆ, ಹಾಡಿನ ತಟ್ಟೆ ಕೋರ್ಟಿಗೆ ಬಂತೆಂದರೆ ಇವರನ್ನೇ ಹುಡುಕಿಕೊಂಡು ಹೋಗುವ ಕಾಲ ಅಲ್ಲಿ ಬಂದಿತ್ತು.

ಹುಟ್ಟಿದ್ದು 1923ರಲ್ಲಿ, ಲಂಡನ್ನಿನಲ್ಲಿ. ಅಪ್ಪ ಬ್ಯಾರಿಸ್ಟರ್. ವಿಚ್ಛೇದನ, ಉಯಿಲು, ಆಸ್ತಿ, ಇವೇ ಅಪ್ಪನ ಕೇಸುಗಳು. ಮಗ ಇನ್ನೂ ಹುಡುಗನಾಗಿದ್ದಾಗಲೇ ಅಪ್ಪನ ಕಣ್ಣು ಪೂರಾ ಹೋಯಿತು. ಆದರೂ ವಕೀಲಿಕೆ ಬಿಡಲಿಲ್ಲ. ಕೇಸಿನ ಕಾಗದ ಓದೋರು ಯಾರು? ಹೆಂಡತಿ. ಎಲ್ಲಿ? ದಿನಾ ಲಂಡನ್ನಿಗೆ ಹೋಗುವ ರೈಲಿನಲ್ಲಿ. ಯಾರ ಹೆಂಡತಿ ಯಾರ ಜೊತೆ ಎಲ್ಲಿ ಸಿಕ್ಕಿಬಿದ್ದಳು ಅನ್ನೋ ಸಾಕ್ಷಿಯನ್ನೆಲ್ಲ ಆ ತಾಯಿ ಗಂಡನಿಗೆ ಕೇಳೋ ಹಾಗೆ ಗಟ್ಟಿಯಾಗಿ ಓದಬೇಕು. ಡಬ್ಬಿಯಲ್ಲಿದ್ದ ಮರ್ಯಾದಸ್ಥರೆಲ್ಲ ಮಾತು ನಿಲ್ಲಿಸಿ ಕಿವಿ ನೆಟ್ಟಗೆ ಮಾಡೋರು! ದಿನಾ ಬಸ್ಸಿನಲ್ಲಿ ಓಡಾಡೋ ನಮ್ಮ ಓದುಗರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಪಕ್ಕದ ಸೀಟಿನವರ ಫೋನಿನ ಜಗಳ ಕೇಳಿಸಿಕೊಳ್ಳದ ಪುಣ್ಯಾತ್ಮ ಯಾರಿದ್ದಾರೆ?

ಹುಡುಗ ಆಕ್ಸ್‌ಫರ್ಡಿನಲ್ಲಿ ಕಾನೂನು ಓದಿದ. ಅಷ್ಟರಲ್ಲಿ ಎರಡನೇ ಮಹಾಯುದ್ಧ. ಸೈನ್ಯಕ್ಕೆ ಹೋಗುವ ದೇಹಸ್ಥಿತಿ ಇರಲಿಲ್ಲ. ಬ್ರಿಟಿಷ್ ಸರ್ಕಾರ ಯುದ್ಧಪ್ರಚಾರಕ್ಕೆ ಚಿತ್ರ ತೆಗೆಸುತ್ತಿದ್ದ ಕ್ರೌನ್ ಫಿಲಂ ಯೂನಿಟ್ ಅನ್ನೋ ಸಂಸ್ಥೆಯಲ್ಲಿ ಕೆಲಸ ಸಿಕ್ಕಿತು. ನಮ್ಮಲ್ಲಿ ಫಿಲಂಸ್ ಡಿವಿಜನ್ ಇರಲಿಲ್ಲವೇ, ಸಿನಿಮಾಕ್ಕೆ ಮೊದಲು ಅಣೆಕಟ್ಟು, ಗೋಧಿ ಗದ್ದೆ ತೋರಿಸೋರು, ಸುಮಾರು ಆ ಥರ. ಅಲ್ಲಿ ಮೊದಲು ಸಹಾಯಕ ನಿರ್ದೇಶಕ. ಹೆಸರು ದೊಡ್ಡದು, ಕೆಲಸ ಚಿಕ್ಕದು: ಶೂಟಿಂಗ್ ಶುರುವಾಗೋ ಮುಂಚೆ "ಎಲ್ಲರೂ ಸುಮ್ಮನಿರಿ" ಅಂತ ಕೂಗಬೇಕು. ಮಾರ್ಟಿಮರ್ ಕೂಗಿದರೆ ಲೈಟಿನವನು ಕೂಡ ತಿರುಗಿ ನೋಡುತ್ತಿರಲಿಲ್ಲವಂತೆ. ಕೊನೆಗೆ, ಈ ಹುಡುಗ ಕೂಗೋಕೆ ಲಾಯಕ್ಕಲ್ಲ, ಬರೆಯಲಿ ಅಂತ ಕಥೆ-ಸಂಭಾಷಣೆ ವಿಭಾಗಕ್ಕೆ ಹಾಕಿದರು. ಅದೇ ಅನುಭವ ಇಟ್ಟುಕೊಂಡು 1947ರಲ್ಲಿ ಮೊದಲ ಕಾದಂಬರಿ ಬಂತು.

ಬರವಣಿಗೆಯಲ್ಲಿ ಹೊಟ್ಟೆ ತುಂಬುತ್ತದಾ? ಅಪ್ಪನಿಗೆ ಆ ನಂಬಿಕೆ ಇರಲಿಲ್ಲ. ಬರಿ, ಆದರೆ ಕೈಗೊಂದು ಕಸುಬು ಇರಲಿ ಅನ್ನೋದು ಅವರ ಲೆಕ್ಕ. ನಮ್ಮೂರಲ್ಲಿ ಆರ್ಕೆಸ್ಟ್ರಾ ಸೇರಿದ ಮಗನಿಗೆ ಟಿ.ಸಿ.ಎಚ್. ಮಾಡ್ಕೋ ಅಂತಿದ್ದರಲ್ಲ, ಹಾಗೆ. 1948ರಲ್ಲಿ ಮಾರ್ಟಿಮರ್ ಬ್ಯಾರಿಸ್ಟರ್ ಆದರು. ಅಪ್ಪನ ದಾರಿಯಲ್ಲೇ ವಿಚ್ಛೇದನ, ಉಯಿಲಿನ ಕೇಸು. ಬೆಳಗಿನ ಜಾವ ಎದ್ದು ಬರೆಯೋದು, ಆಮೇಲೆ ಕೋರ್ಟು. 1957ರಲ್ಲಿ ಬಿ.ಬಿ.ಸಿ. ರೇಡಿಯೋಗೆ ಬರೆದ 'ದಿ ಡಾಕ್ ಬ್ರೀಫ್' ನಾಟಕ ಹೆಸರು ತಂದಿತು. ಏನು ಕಥೆ ಅಂತೀರಿ? ವರ್ಷಗಟ್ಟಲೆ ಒಂದು ಕೇಸಿಗಾಗಿ ಕಾದು ಕೂತ ಮುದಿ ವಕೀಲ, ಅವನಿಗೆ ಕೊನೆಗೂ ಸಿಕ್ಕ ಒಬ್ಬ ಕಕ್ಷಿದಾರ. ನಮ್ಮ ಕೋರ್ಟಿನ ಮುಂದಿನ ಹೊಂಗೆ ಮರದ ಕೆಳಗೆ ಒಂದು ಮಧ್ಯಾಹ್ನ ಕೂತು ನೋಡಿ, ಆ ನಾಟಕ ಇನ್ನೂ ನಡೀತಿದೆ.

1966ರಲ್ಲಿ ಕ್ವೀನ್ಸ್ ಕೌನ್ಸೆಲ್ ಆದರು. ನಮ್ಮಲ್ಲಿ ಸೀನಿಯರ್ ವಕೀಲರು ಅಂತ ಹೈಕೋರ್ಟು ಗುರುತಿಸೋ ಹಾಗೆ. ಅಲ್ಲಿಂದ ದಾರಿ ಹೊರಳಿತು.

ಯಾಕೆ ಹೊರಳಿತು ಅಂದರೆ ಅಲ್ಲಿನ ಕಾನೂನೇ ಹೊರಳಿತ್ತು. 1959ರಲ್ಲಿ ಇಂಗ್ಲೆಂಡ್ ಅಶ್ಲೀಲ ಪ್ರಕಟಣೆಗಳ ಬಗ್ಗೆ ಹೊಸ ಕಾಯ್ದೆ ಮಾಡಿತು. ಅದರಲ್ಲಿ ಎರಡು ಮಾತು ಮುಖ್ಯ. ಒಂದು, ಸಾಹಿತ್ಯ, ಕಲೆ, ವಿದ್ಯೆಯ ದೃಷ್ಟಿಯಿಂದ ಈ ಪುಸ್ತಕ ಜನಕ್ಕೆ ಒಳ್ಳೆಯದು ಅಂತ ತಿಳಿದವರನ್ನು ಕರೆಸಿ ಸಾಕ್ಷಿ ಹೇಳಿಸಬಹುದು. ಎರಡು, ಅಂಗಡಿಯವರು ಕಿವಿಗೊಟ್ಟು ಕೇಳಿ: ಮಾರಿದವನು "ನಾನು ಒಳಗೆ ನೋಡಿರಲಿಲ್ಲ, ಅನುಮಾನ ಪಡೋಕೆ ಕಾರಣವೂ ಇರಲಿಲ್ಲ" ಅಂತ ಸಾಬೀತು ಮಾಡಿದರೆ ಅವನಿಗೆ ಶಿಕ್ಷೆ ಇಲ್ಲ. ನಮ್ಮ ಪೆಟ್ಟಿಗೆ ಅಂಗಡಿಯವನ ಮಾತನ್ನೇ ಆ ಪಾರ್ಲಿಮೆಂಟು ಕಾಯ್ದೆಗೆ ಬರೆದಿಟ್ಟಿತ್ತು.

ಹೀಗಾಗಿ ಕೋರ್ಟಿನಲ್ಲಿ ಬರೀ ಸೆಕ್ಷನ್ ಗೊತ್ತಿದ್ದರೆ ಸಾಲದಾಯಿತು. ಬರೆಯೋನು ಒಂದು ಕೆಟ್ಟ ಪಾತ್ರದ ಬಾಯಲ್ಲಿ ಕೆಟ್ಟ ಮಾತು ಯಾಕೆ ಹಾಕುತ್ತಾನೆ, ನಗೆಚಿತ್ರ ಬರೆಯೋನು ಎಲ್ಲಿ ಚೇಷ್ಟೆ ಮಾಡ್ತಾನೆ, ಎಲ್ಲಿ ಕುಟುಕ್ತಾನೆ, ಇದನ್ನು ಜ್ಯೂರಿಗೆ ಕೂತಿರೋ ದಿನಸಿ ಅಂಗಡಿಯವನಿಗೆ, ಬಸ್ ಕಂಡಕ್ಟರಿಗೆ ಅರ್ಥವಾಗೋ ಹಾಗೆ ಹೇಳಬೇಕು. ಸ್ವತಃ ನಾಟಕ ಬರೆದು, ಪ್ರೇಕ್ಷಕ ಎಲ್ಲಿ ನಗ್ತಾನೆ ಎಲ್ಲಿ ಆಕಳಿಸ್ತಾನೆ ಅಂತ ಕಂಡಿದ್ದ ಮನುಷ್ಯನಿಗೆ ಅದು ಕಷ್ಟವಾಗಲಿಲ್ಲ. 1967ರಲ್ಲಿ ಕೆಳಗಿನ ಕೋರ್ಟಿನಲ್ಲಿ ಸೋತಿದ್ದ ಒಂದು ಅಮೆರಿಕನ್ ಕಾದಂಬರಿಯ ಪ್ರಕಾಶಕರನ್ನು 1968ರಲ್ಲಿ ಮೇಲ್ಮನವಿಯಲ್ಲಿ ಬಿಡಿಸಿಕೊಂಡು ಬಂದರು. 'ಲಾಸ್ಟ್ ಎಕ್ಸಿಟ್ ಟು ಬ್ರೂಕ್ಲಿನ್' ಆ ಕಾದಂಬರಿ.

ಆಮೇಲೆ 1971ರ 'ಆಜ್' ಪತ್ರಿಕೆ ಕೇಸು. ಹಿಪ್ಪಿಗಳ ಪತ್ರಿಕೆ. ಶಾಲೆ ಮಕ್ಕಳಿಗೇ ಒಂದು ಸಂಚಿಕೆ ಮಾಡೋಕೆ ಬಿಟ್ಟರು. ಮಕ್ಕಳ ಕಥೆಯ ಕರಡಿಮರಿ ರೂಪರ್ಟ್‌ನನ್ನು ತಗೊಂಡು ಮಾಡಬಾರದ ಚಿತ್ರ ಮಾಡಿದರು. ಮೂವರು ಸಂಪಾದಕರು ಲಂಡನ್ನಿನ ದೊಡ್ಡ ಕ್ರಿಮಿನಲ್ ಕೋರ್ಟಿನಲ್ಲಿ ಆರು ವಾರ ನಿಂತರು. ಅಲ್ಲಿಯ ತನಕ ಇಂಗ್ಲೆಂಡಿನಲ್ಲಿ ಅಷ್ಟು ದಿನ ನಡೆದ ಅಶ್ಲೀಲ ಮೊಕದ್ದಮೆ ಇರಲಿಲ್ಲ. ಮಾರ್ಟಿಮರ್ ಇಬ್ಬರ ಪರ. ಮೂರನೆಯವನು ತನ್ನ ವಾದ ತಾನೇ ಮಾಡಿಕೊಂಡ. ಯುವಜನರ ನೀತಿ ಕೆಡಿಸುವ ಒಳಸಂಚು ಅನ್ನೋ ದೊಡ್ಡ ಆಪಾದನೆ ಬಿತ್ತು, ಆದರೆ ಅಶ್ಲೀಲದ ಆಪಾದನೆ ನಿಂತಿತು. ಜೈಲಿಗೆ ಹಾಕಿ ಉದ್ದ ಕೂದಲು ಕತ್ತರಿಸಿದರು. ಪತ್ರಿಕೆಗಳೆಲ್ಲ ಕೂದಲಿನ ಮೇಲೇ ಬರೆದವು! ಮೇಲ್ಮನವಿಯಲ್ಲಿ, ನ್ಯಾಯಾಧೀಶರು ಜ್ಯೂರಿಗೆ ತಪ್ಪಾಗಿ ತಿಳಿಸಿ ಹೇಳಿದ್ದರು ಅಂತ ಶಿಕ್ಷೆ ರದ್ದಾಯಿತು.

ಈಗ ನಾಟಿಂಗ್‌ಹ್ಯಾಮಿಗೆ ಬರೋಣ. 1977. ಸೆಕ್ಸ್ ಪಿಸ್ಟಲ್ಸ್ ಅನ್ನೋ ಪುಂಡ ಹುಡುಗರ ವಾದ್ಯಗೋಷ್ಠಿ. ಅವರ ಹೊಸ ಗ್ರಾಮಫೋನ್ ತಟ್ಟೆಯ ಹೆಸರಿನಲ್ಲಿ ಒಂದು ಪದ. ಅದನ್ನಿಲ್ಲಿ ಬರೆಯೋದಿಲ್ಲ, ಇದು ಮನೆಗೆ ಹೋಗೋ ಪೇಪರು. ಗಂಡಸರ ಶರೀರದ ಒಂದು ಭಾಗಕ್ಕೆ ಬೀದಿಯಲ್ಲಿ ಹೇಳೋ ಹೆಸರು ಅಂದರೆ ಸಾಕು. "ಬರೀ ಬೊಗಳೆ" ಅನ್ನೋ ಅರ್ಥದಲ್ಲೂ ಬಳಸುತ್ತಾರೆ. ವರ್ಜಿನ್ ಕಂಪನಿಯ ರೆಕಾರ್ಡ್ ಅಂಗಡಿಯವನು ಬೇರೆ ತಟ್ಟೆಗಳ ಥರ ಇದರ ರಟ್ಟನ್ನೂ ಗಾಜಿನ ಕಿಟಕಿಯಲ್ಲಿ ಇಟ್ಟ. ಪೊಲೀಸರು ಬಂದರು. ಕೇಸಾಯಿತು. ಹಾಡಿದವರ ಮೇಲಲ್ಲ, ತಟ್ಟೆ ಮಾಡಿದ ಕಂಪನಿ ಮೇಲಲ್ಲ, ಅಂಗಡಿ ಮ್ಯಾನೇಜರ್ ಮೇಲೆ!

ಯಾವ ಕಾಯ್ದೆ? 1889ರ ಅಸಭ್ಯ ಜಾಹೀರಾತು ಕಾಯ್ದೆ. ಗುಪ್ತರೋಗಕ್ಕೆ ಔಷಧಿ ಕೊಡ್ತೀವಿ ಅಂತ ಗೋಡೆಗೆ ಅಂಟಿಸೋರನ್ನು ತಡೆಯೋಕೆ ವಿಕ್ಟೋರಿಯಾ ರಾಣಿ ಕಾಲದಲ್ಲಿ ಮಾಡಿದ್ದು. ಅಂಥ ಚೀಟಿಗಳನ್ನು ನೋಡಬೇಕೆಂದರೆ ಇಂಗ್ಲೆಂಡಿಗೆ ಹೋಗಬೇಕಿಲ್ಲ, ಯಾವುದೇ ಬಸ್ ಸ್ಟ್ಯಾಂಡಿನ ಮೂತ್ರಾಲಯದ ಗೋಡೆ ನೋಡಿದರೆ ಆಯಿತು.

ಕಂಪನಿ ಮಾಲೀಕ ರಿಚರ್ಡ್ ಬ್ರಾನ್ಸನ್ ಮಾರ್ಟಿಮರ್ ಅವರನ್ನು ಕರೆಸಿದರು. ವಾದ ನಡೆದದ್ದು ನವೆಂಬರ್ 24ರಂದು, ಮ್ಯಾಜಿಸ್ಟ್ರೇಟರ ಮುಂದೆ. ಕೋರ್ಟಿಗೆ ಬಂದ ಮುಖ್ಯ ಸಾಕ್ಷಿ ಯಾರು ಗೊತ್ತೇ? ನಾಟಿಂಗ್‌ಹ್ಯಾಮ್ ವಿಶ್ವವಿದ್ಯಾಲಯದ ಇಂಗ್ಲಿಷ್ ಪ್ರಾಧ್ಯಾಪಕರು. ಅವರು ಆ ಪದದ ವಂಶಾವಳಿ ಬಿಚ್ಚಿದರು. ಹಳೇ ಇಂಗ್ಲಿಷಿನಲ್ಲಿ ಅದಕ್ಕೆ ಬೇರು ಇದೆ, ಶತಮಾನಗಳಿಂದ ಬಳಕೆಯಲ್ಲಿದೆ, ಒಂದು ಕಾಲಕ್ಕೆ ಪಾದ್ರಿಗಳಿಗೆ ಇಟ್ಟ ಅಡ್ಡಹೆಸರಾಗಿತ್ತು, ಪಾದ್ರಿಗಳು ಪ್ರವಚನದಲ್ಲಿ ಬಹಳ ಕೊರೀತಿದ್ದರು ಅಂತ ಆಮೇಲೆ "ಬೊಗಳೆ" ಅನ್ನೋ ಅರ್ಥ ಬಂತು, ತಟ್ಟೆಯ ಮೇಲೆ ಇರೋದೂ ಅದೇ ಅರ್ಥ. ಪ್ರಾಧ್ಯಾಪಕರು ಸ್ವತಃ ಪಾದ್ರಿಯೂ ಹೌದು ಅಂತ ಸಾಕ್ಷಿಕಟ್ಟೆಯಲ್ಲೇ ಹೊರಬಿತ್ತು. ಅವರು ಅಂಗಿಯ ಕತ್ತುಪಟ್ಟಿ ಕೆಳಗೆ ಮಡಿಸಿ ಒಳಗಿದ್ದ ಪಾದ್ರಿ ಕಾಲರ್ ತೋರಿಸಿದರು ಅಂತ ಬ್ರಾನ್ಸನ್ ತಮ್ಮ ಆತ್ಮಕಥೆಯಲ್ಲಿ ಹೇಳಿಕೊಂಡಿದ್ದಾರೆ. ಕಂಪನಿ ನಾಟಕದಲ್ಲಾದರೆ ಇಲ್ಲಿ ಸಿಳ್ಳೆ ಬೀಳಬೇಕು.

ಮಾರ್ಟಿಮರ್ ಇನ್ನೊಂದು ಪ್ರಶ್ನೆಯನ್ನೂ ಎತ್ತಿದರು. ಇದೇ ಹೆಸರನ್ನು ಪತ್ರಿಕೆಗಳೂ ಅಚ್ಚು ಹಾಕಿದ್ದವಲ್ಲ, ಅವುಗಳ ಮೇಲೆ ಯಾಕೆ ಕೇಸಿಲ್ಲ? ಅಂಗಡಿಯವನೊಬ್ಬನೇ ಯಾಕೆ? ಇದು ನನಗೆ ಬಹಳ ಹಿಡಿಸಿದ ಪ್ರಶ್ನೆ. ಪತ್ರಿಕೆಗೆ ಸಂಪಾದಕ ಇದ್ದಾನೆ, ಅವನ ಹಿಂದೆ ದುಡ್ಡು, ವಕೀಲರು ಇದ್ದಾರೆ. ಅಂಗಡಿ ಬಾಗಿಲು ರಸ್ತೆಗೆ ತೆಗೆದಿರುತ್ತೆ, ಯಾರು ಬೇಕಾದರೂ ಒಳಗೆ ಬರಬಹುದು.

ಮ್ಯಾಜಿಸ್ಟ್ರೇಟರಿಗೆ ತಟ್ಟೆ ಒಂಚೂರೂ ಇಷ್ಟವಾಗಲಿಲ್ಲ. ದುಡ್ಡಿಗಾಗಿ ಮನುಷ್ಯನ ಕೀಳು ಬುದ್ಧಿಯನ್ನು ಕೆರಳಿಸೋ ಕೆಲಸ ಅಂತ ಬೈದರು. ಬೈದು, ಮನಸ್ಸಿಲ್ಲದ ಮನಸ್ಸಿನಿಂದ "ತಪ್ಪಿತಸ್ಥನಲ್ಲ" ಅಂದರು. ಅಂಗಡಿಯವನು ಮನೆಗೆ ಹೋದ.

ಎಲ್ಲದರಲ್ಲೂ ಗೆದ್ದರು ಅಂತ ತಿಳೀಬೇಡಿ. ಅದೇ 1977ರಲ್ಲಿ 'ಗೇ ನ್ಯೂಸ್' ಪತ್ರಿಕೆ ಮೇಲೆ ದೈವನಿಂದೆಯ ಕೇಸು ಬಂತು, ಅದರಲ್ಲಿ ಮಾರ್ಟಿಮರ್ ಸೋತರು. ದೇವರ ವಿಷಯ ಬಂದಾಗ ವಿದ್ವಾಂಸರ ಸಾಕ್ಷಿ ಹೇಳಿಸೋಕೂ ನ್ಯಾಯಾಧೀಶರು ಅವಕಾಶ ಕೊಡಲಿಲ್ಲ. ತಮಗೆ ಇಷ್ಟವಿಲ್ಲದ ಸರಕನ್ನೂ ಇವರು ಯಾಕೆ ಸಮರ್ಥಿಸಬೇಕು ಅಂತ ಕೇಳೋರಿಗೆ ಉತ್ತರ ಸುಲಭ. ಇಂಗ್ಲೆಂಡಿನ ಬ್ಯಾರಿಸ್ಟರುಗಳದ್ದು ಟ್ಯಾಕ್ಸಿ ಸ್ಟ್ಯಾಂಡಿನ ನಿಯಮ. ಸಾಲಿನಲ್ಲಿ ಮೊದಲು ನಿಂತವನು ಬಂದ ಗಿರಾಕಿಯನ್ನು ಹತ್ತಿಸಿಕೊಳ್ಳಬೇಕು, ಮುಖ ನೋಡಿ ಬರಲ್ಲ ಅನ್ನೋ ಹಾಗಿಲ್ಲ. ನಮ್ಮ ಬಾರ್ ಕೌನ್ಸಿಲ್ ನಿಯಮದಲ್ಲೂ ಇದರ ತಮ್ಮನಂಥ ಒಂದು ಕಲಮು ಇದೆ. ನಮ್ಮ ಆಟೋ ಸ್ಟ್ಯಾಂಡಿಗೆ ಯಾವಾಗ ಬರುತ್ತೋ!

ಈ ಅನುಭವವನ್ನೆಲ್ಲ ಅರೆದು ಮಾರ್ಟಿಮರ್ 'ರಂಪೋಲ್' ಅನ್ನೋ ಪಾತ್ರ ಕಟ್ಟಿದರು. ಚುಟ್ಟ ಸೇದೋ, ಹೆಂಡತಿಗೆ ಹೆದರೋ, ಕೋರ್ಟಿನಲ್ಲಿ ಮಾತ್ರ ಯಾರಿಗೂ ಹೆದರದ ಮುದಿ ಬ್ಯಾರಿಸ್ಟರ್. 1975ರಲ್ಲಿ ಬಿ.ಬಿ.ಸಿ. ನಾಟಕವಾಗಿ ಬಂದು, 1978ರಿಂದ ಟಿ.ವಿ. ಧಾರಾವಾಹಿಯಾಯಿತು. 1998ರಲ್ಲಿ ಸರ್ ಪದವಿ, 2009ರ ಜನವರಿ 16ರಂದು ಸಾವು. ಆಗ 85 ವರ್ಷ.

ಇನ್ನು ನಮ್ಮ ಅಂಗಡಿಯವರ ಕಥೆ. ಬೊಂಬಾಯಿಯಲ್ಲಿ ಹ್ಯಾಪಿ ಬುಕ್ ಸ್ಟಾಲ್ ಅಂತ ಒಂದು ಪುಸ್ತಕದ ಅಂಗಡಿ. ನಾಲ್ಕು ಜನ ಪಾಲುದಾರರು. ಒಬ್ಬರ ಹೆಸರು ರಂಜಿತ್ ಉದೇಶಿ. 1959ರ ಡಿಸೆಂಬರಿನಲ್ಲಿ ಒಬ್ಬ ಗಿರಾಕಿ ಬಂದು 'ಲೇಡಿ ಚ್ಯಾಟರ್ಲೀಸ್ ಲವರ್' ಕಾದಂಬರಿ ಕೊಂಡ. ಗಿರಾಕಿ ಸುಳ್ಳು ಗಿರಾಕಿ, ಪೊಲೀಸರು ಕಳಿಸಿದವನು. ನಾಲ್ವರ ಮೇಲೂ ಇಂಡಿಯನ್ ಪೀನಲ್ ಕೋಡ್ 292ನೇ ಕಲಮಿನ ಕೇಸು. ಇದೇ ಕಾದಂಬರಿ 1960ರಲ್ಲಿ ಲಂಡನ್ನಿನಲ್ಲಿ, ಆ 1959ರ ಕಾಯ್ದೆಯ ಬಲದಿಂದ, ಜ್ಯೂರಿ ಮುಂದೆ ಗೆದ್ದು ಬಂತು. ಇಲ್ಲಿ ನಮ್ಮ ಕಾನೂನು 1860ರದ್ದು. ಕಾದಂಬರಿಕಾರ ಮುಲ್ಕ್‌ರಾಜ್ ಆನಂದ್ ಬಂದು, ಇದು ಒಳ್ಳೆಯ ಸಾಹಿತ್ಯ ಅಂತ ಸಾಕ್ಷಿ ಹೇಳಿದರೂ ನಡೆಯಲಿಲ್ಲ. ತಲಾ 20 ರೂಪಾಯಿ ದಂಡ, ಕಟ್ಟದಿದ್ದರೆ ಒಂದು ವಾರ ಸಜೆ.

ಉದೇಶಿ ಬಿಡಲಿಲ್ಲ. ಹೈಕೋರ್ಟು, ಅಲ್ಲಿಂದ ಸುಪ್ರೀಂ ಕೋರ್ಟು. ಅಂಗಡಿಯಲ್ಲಿ ಎಷ್ಟೋ ಪುಸ್ತಕ ಇರುತ್ತೆ, ಮಾರೋನು ಎಲ್ಲವನ್ನೂ ಓದಿರಬೇಕು ಅಂದರೆ ಹೇಗೆ ಅನ್ನೋದು ಅವರ ವಾದದ ಒಂದು ಭಾಗ. 1964ರ ಆಗಸ್ಟಿನಲ್ಲಿ ಐವರು ನ್ಯಾಯಮೂರ್ತಿಗಳ ಪೀಠ ತೀರ್ಪು ಕೊಟ್ಟಿತು, ಬರೆದವರು ನ್ಯಾಯಮೂರ್ತಿ ಹಿದಾಯತುಲ್ಲಾ. ಒಳಗೇನಿದೆ ಅಂತ ಮಾರಿದವನಿಗೆ ಗೊತ್ತಿತ್ತು ಎಂದು ಸರ್ಕಾರ ಸಾಬೀತು ಮಾಡಬೇಕಾಗಿಲ್ಲ. ಗೊತ್ತಿರಲಿಲ್ಲ ಅನ್ನೋದು ಶಿಕ್ಷೆ ಕಡಿಮೆ ಮಾಡೋಕೆ ಕಾರಣವಾಗಬಹುದು, ಬಿಡುಗಡೆಗೆ ಅಲ್ಲ. ದಂಡ ಖಾಯಂ.

ಆಮೇಲೆ ಗಾಳಿ ಸ್ವಲ್ಪ ತಿರುಗಿತು. 1969ರ ತಿದ್ದುಪಡಿಯಲ್ಲಿ ಸಾಹಿತ್ಯ, ಕಲೆ, ವಿಜ್ಞಾನ, ವಿದ್ಯೆಗಾಗಿ ಸಾರ್ವಜನಿಕರ ಹಿತಕ್ಕೆ ಬಂದ ಪ್ರಕಟಣೆಗೆ ವಿನಾಯಿತಿ ಸೇರಿಸಿದರು. ಜೊತೆಗೆ ಶಿಕ್ಷೆಯನ್ನೂ ಏರಿಸಿದರು, ಅದು ಬೇರೆ ಮಾತು. 1985ರಲ್ಲಿ ಬಂಗಾಳಿ ಲೇಖಕ ಸಮರೇಶ್ ಬಸು ಅವರ 'ಪ್ರಜಾಪತಿ' ಕಾದಂಬರಿಯ ಕೇಸಿನಲ್ಲಿ ಸುಪ್ರೀಂ ಕೋರ್ಟು ಲೇಖಕರನ್ನು ಬಿಟ್ಟಿತು. ನ್ಯಾಯಾಧೀಶರಾದವರು ಮೊದಲು ಬರೆದವನ ಜಾಗದಲ್ಲಿ ನಿಂತು ನೋಡಬೇಕು, ಆಮೇಲೆ ಎಲ್ಲ ವಯಸ್ಸಿನ ಓದುಗರ ಜಾಗದಲ್ಲಿ ನಿಂತು ನೋಡಬೇಕು, ಆಮೇಲೆ ತೀರ್ಮಾನಿಸಬೇಕು ಅಂತ ಆ ತೀರ್ಪಿನ ತಾತ್ಪರ್ಯ. 2014ರಲ್ಲಿ, ಟೆನಿಸ್ ಆಟಗಾರ ಬೋರಿಸ್ ಬೆಕರ್ ಚಿತ್ರ ಹಾಕಿದ ಕಲ್ಕತ್ತಾ ಪತ್ರಿಕೆಗಳ ಕೇಸಿನಲ್ಲಿ, ಇಂಗ್ಲೆಂಡಿನ ಹಳೇ ತಕ್ಕಡಿ ಬಿಟ್ಟು ಇವತ್ತಿನ ಸಮಾಜದ ತಕ್ಕಡಿಯಲ್ಲಿ ತೂಗಬೇಕು ಅಂದರು. 2024ರ ಜುಲೈ 1ರಿಂದ ಹಳೇ ಪೀನಲ್ ಕೋಡ್ ಹೋಗಿ ಭಾರತೀಯ ನ್ಯಾಯ ಸಂಹಿತೆ ಬಂತು, 292 ಹೋಗಿ 294 ಆಯಿತು. ಮಾರಿದರೂ, ಮಾರಲು ಇಟ್ಟುಕೊಂಡರೂ, ಜನರಿಗೆ ಕಾಣೋ ಹಾಗೆ ನೇತುಹಾಕಿದರೂ ಕಲಮು ತಾಗುತ್ತೆ. ಮೊದಲ ಸಲಕ್ಕೆ ಎರಡು ವರ್ಷದ ತನಕ ಸಜೆ, 5,000 ರೂಪಾಯಿ ತನಕ ದಂಡ. "ನಾನು ಓದಿಲ್ಲ" ಅನ್ನೋ ಮಾತಿಗೆ ಹೊಸ ಕಾಯ್ದೆಯಲ್ಲೂ ಜಾಗ ಕೊಟ್ಟಿಲ್ಲ.

ಬರೆದವನ ಜಾಗದಲ್ಲಿ ನಿಂತು ನೋಡಿ ಅಂತ ಕೋರ್ಟೇ ಹೇಳಿದ ಮೇಲೆ, ಆ ಜಾಗದಲ್ಲಿ ಒಮ್ಮೆಯಾದರೂ ನಿಂತಿದ್ದ ವಕೀಲರು ನಮಗೆಷ್ಟು ಜನ ಇದ್ದಾರೆ? ಹವ್ಯಾಸಿ ತಂಡದಲ್ಲಿ ಬಣ್ಣ ಹಚ್ಚಿದವರು, ಧಾರಾವಾಹಿಗೆ ಸಂಭಾಷಣೆ ಬರೆದವರು, ಆರ್ಕೆಸ್ಟ್ರಾದಲ್ಲಿ ಹಾಡಿದವರು ನಮ್ಮ ಜಿಲ್ಲೆಯಲ್ಲಿ ಬೇಕಾದಷ್ಟಿದ್ದಾರೆ. ಪದವಿ ಇದ್ದರೆ ಮೂರು ವರ್ಷದ ಎಲ್‌ಎಲ್.ಬಿ. ಓದಿ ಬಾರ್ ಕೌನ್ಸಿಲ್ ಪರೀಕ್ಷೆ ಪಾಸು ಮಾಡಬಹುದು. ಒಂದು ತೊಡಕಿದೆ: ಸನ್ನದು ತಗೊಂಡ ಮೇಲೆ ಪೂರ್ಣಾವಧಿ ಸಂಬಳದ ನೌಕರಿ ಮಾಡುವಂತಿಲ್ಲ, ಪೋಸ್ಟರ್ ಹಾಕಿ ಪ್ರಚಾರ ಮಾಡುವಂತಿಲ್ಲ. ಗೋಡೆ ತುಂಬ ಹೆಸರು ನೋಡಿ ಅಭ್ಯಾಸವಾದ ಕಲಾವಿದನಿಗೆ ಸಣ್ಣದೊಂದು ಹೆಸರಿನ ಫಲಕವೇ ಗತಿ! ಆದರೆ ರೇಡಿಯೋ, ಟಿ.ವಿ.ಯಲ್ಲಿ ಮಾತಾಡಬಹುದು, ಪತ್ರಿಕೆಗೆ ಬರೆಯಬಹುದು, ಪಾಠ ಹೇಳಬಹುದು. ಪತ್ರಿಕೆ ಅಚ್ಚಿಗೆ ಹೋಗೋ ಮೊದಲು ಕಾನೂನಿನ ಕಣ್ಣಲ್ಲಿ ಓದಿ ಕೊಟ್ಟು ದುಡ್ಡು ತಗೋಬಹುದು. ನಿಯಮದಲ್ಲೇ ಹಾಗೆ ಬರೆದಿದೆ.

ಇದನ್ನೆಲ್ಲ ಮರುದಿನ ಸಂಜೆ ಆ ಪೆಟ್ಟಿಗೆ ಅಂಗಡಿಯವನಿಗೆ ಹೇಳಿದೆ. ಬಾಳೆಹಣ್ಣು ತೂಗುತ್ತಲೇ ಪೂರಾ ಕೇಳಿದ. ನಾಟಿಂಗ್‌ಹ್ಯಾಮ್ ಪಾದ್ರಿ ಕಾಲರ್ ತೋರಿಸಿದ್ದಕ್ಕೆ ನಕ್ಕ. ಉದೇಶಿ ಕಥೆ ಬಂದಾಗ ತಕ್ಕಡಿ ಕೆಳಗಿಟ್ಟ.

"ದಂಡ ಎಷ್ಟು ಅಂದ್ರಿ ಸಾರ್?"

"ಇಪ್ಪತ್ತು ರೂಪಾಯಿ."

"ಎಷ್ಟು ವರ್ಷ ಓಡಾಡಿದ್ರು?"

"ಪುಸ್ತಕ ಮಾರಿದ ದಿನದಿಂದ ತೀರ್ಪಿನ ತನಕ ಐದು ವರ್ಷಕ್ಕೆ ನಾಲ್ಕು ತಿಂಗಳು ಕಮ್ಮಿ."

ಅವನು ಸ್ವಲ್ಪ ಹೊತ್ತು ಸುಮ್ಮನಿದ್ದ.

"ಅಷ್ಟು ದಿವಸ ಅಂಗಡಿ ಯಾರು ನೋಡ್ಕೊಂಡ್ರು ಸಾರ್?"

ನಾಲ್ಕು ಜನ ಪಾಲುದಾರರಿದ್ದರು ಅಂತ ನೆನಪಿಸಿದೆ. "ಅದು ಸರಿ, ನಾನೊಬ್ನೇ" ಅಂದ. ನನ್ನ ಬಸ್ಸು ಬಂತು. ಹಗ್ಗದ ಮೇಲೆ ಆ ಪತ್ರಿಕೆ ಇರಲಿಲ್ಲ, ಕ್ಲಿಪ್ ಮಾತ್ರ ಇತ್ತು.